ರಾಕೆಟ್ ಹಾರದ ದಿನ ಶ್ರೀಹರಿಕೋಟಾಗೆ ಹೋಗಿ

ಪ್ರಶ್ನೆ: ನಾನು ಯಾದಗಿರಿ ಜಿಲ್ಲೆ ಸುರಪುರ ತಾಲ್ಲೂಕಿನ ಒಂದು ಸರ್ಕಾರಿ ಪ್ರೌಢಶಾಲೆಯಲ್ಲಿ ವಿಜ್ಞಾನ ಶಿಕ್ಷಕಿ. ಚಂದ್ರಯಾನ-3 ಇಳಿದದ್ದನ್ನು ಟಿವಿಯಲ್ಲಿ ನೋಡಿದಾಗಿನಿಂದ ಮಕ್ಕಳದು ಒಂದೇ ಹಟ, ಶ್ರೀಹರಿಕೋಟಾಗೆ ಕರ್ಕೊಂಡು ಹೋಗಿ ಅಂತ. ಈ ವರ್ಷ ಒಂಬತ್ತನೇ ತರಗತಿಯ ನಲವತ್ತು ಮಕ್ಕಳನ್ನು ಕರೆದೊಯ್ಯಬೇಕು ಅಂತಿದ್ದೇನೆ. ಆದರೆ ಒಬ್ಬೊಬ್ಬರು ಒಂದೊಂದು ಹೇಳುತ್ತಾರೆ. ರಾಕೆಟ್ ಹಾರುವ ದಿನವೇ ಹೋಗಬೇಕು, ಇಲ್ಲಾಂದ್ರೆ ಅಲ್ಲಿ ನೋಡೋಕೆ ಏನೂ ಇಲ್ಲ ಅಂತ ಕೆಲವರು. ತಲೆಗೆ ಇಷ್ಟು ಅಂತ ಕೊಟ್ಟರೆ ‘ಒಳಗಿನ ಪಾಸ್’ ಕೊಡಿಸಿ ವಿಜ್ಞಾನಿಗಳಿಂದಲೇ ವಿವರಣೆ ಕೊಡಿಸ್ತೀನಿ ಅಂತ ಒಬ್ಬ ಏಜೆಂಟ್ ಹೇಳಿದ್ದಾರೆ. ಹಿಂದೆ ಒಂದು ನಗರದ ಮ್ಯೂಸಿಯಂಗೆ ಹೋದಾಗ ಗೈಡ್ ಇಂಗ್ಲಿಷ್‌ನಲ್ಲಿ ಗಡಗಡ ಹೇಳಿ ಅರ್ಧ ಗಂಟೆಯಲ್ಲಿ ಮುಗಿಸಿದ್ದರು. ಅಲ್ಲಿರೋದೆಲ್ಲ ಡಮ್ಮಿ ಅಂತ ಮಕ್ಕಳಿಗೂ ಬೇಸರವಾಯಿತು. ನಮ್ಮ ಮಕ್ಕಳ ತಂದೆತಾಯಿ ಹೆಚ್ಚಿನವರು ಕೂಲಿಯವರು. ಅಷ್ಟು ದೂರ ಹೋಗಿ ಮತ್ತೆ ಅದೇ ಆದರೆ? ಯೂಟ್ಯೂಬ್ ತೋರಿಸಿದರೆ ಸಾಲದೇ ಅಂತ ಹೆಡ್‌ಮಾಸ್ಟರ್ ಕೇಳುತ್ತಾರೆ. ಏನು ಮಾಡಲಿ?

ಉತ್ತರ: ಮೇಡಂ, ನಿಮ್ಮ ಪ್ರಶ್ನೆಗಳು ನಾಲ್ಕೈದು ಇದ್ದರೂ ಅಂಜಿಕೆ ಒಂದೇ. ಬಡವರ ದುಡ್ಡು ಖರ್ಚು ಮಾಡಿಸಿ, ಮಕ್ಕಳು ಬರಿಗೈಲಿ ವಾಪಸ್ ಬಂದರೆ ಏನು ಗತಿ ಅಂತ. ಈ ಅಂಜಿಕೆ ಸುಳ್ಳಲ್ಲ. ವಿಜ್ಞಾನ ಕೇಂದ್ರಗಳಲ್ಲಿ ಶಾಲಾ ಮಕ್ಕಳಿಗೆ ವಿವರಣೆ ಕೊಡೋದೇ ನನ್ನ ಕೆಲಸ. ಇಡೀ ಬಸ್ಸಿನ ಮಕ್ಕಳು ಸಾಲಾಗಿ ಒಳಗೆ ಬಂದು, ಸಾಲಾಗಿ ಹೊರಗೆ ಹೋಗಿ, ಕ್ಯಾಂಟೀನಿನ ಐಸ್‌ಕ್ರೀಮ್ ಮಾತ್ರ ನೆನಪಿಟ್ಟುಕೊಳ್ಳೋದನ್ನು ಬೇಕಾದಷ್ಟು ನೋಡಿದ್ದೇನೆ.

ನನ್ನ ಅಭಿಪ್ರಾಯ ಮೊದಲೇ ಹೇಳಿಬಿಡುತ್ತೇನೆ. ಉಡಾವಣೆ ನೋಡೋದು ಒಂದು ಪ್ರವಾಸ. ಗೈಡ್ ಜೊತೆ ನಿಂತು ತಿಳಿದುಕೊಳ್ಳೋದು ಇನ್ನೊಂದು ಪ್ರವಾಸ. ಎರಡನ್ನೂ ಒಂದೇ ದಿನ ಮುಗಿಸೋಣ ಅಂತ ಹೊರಟವರಿಗೆ ಎರಡೂ ಅರ್ಧಂಬರ್ಧ. ನಿಮ್ಮ ಮಕ್ಕಳಿಗೆ ಎರಡನೆಯದೇ ಸರಿ. ರಾಕೆಟ್ ಹಾರದ ದಿನವೂ ಅಲ್ಲಿ ಮ್ಯೂಸಿಯಂ, ರಾಕೆಟ್ ಮಾದರಿಗಳು ನೋಡೋಕೆ ಇವೆ.

ಉಡಾವಣೆಯ ದಿನ ಏನಾಗುತ್ತೆ ನೋಡಿ. ಜನ ಕೂತು ನೋಡಲಿ ಅಂತ 2019ರ ಮಾರ್ಚ್‌ನಲ್ಲಿ ಶ್ರೀಹರಿಕೋಟಾದಲ್ಲಿ ಒಂದು ದೊಡ್ಡ ಗ್ಯಾಲರಿ ತೆರೆದರು. ಸಾವಿರಾರು ಜನ ಹಿಡಿಸುವ ಜಾಗ. ಆನ್‌ಲೈನ್‌ನಲ್ಲಿ ಹೆಸರು ನೋಂದಾಯಿಸಬೇಕು. ಅದಕ್ಕೆ ಶುಲ್ಕವಿಲ್ಲ. ಆದರೆ ನೋಂದಣಿ ಶುರುವಾಗೋದು ಉಡಾವಣೆಗೆ ಕೆಲವೇ ದಿನ ಮುಂಚೆ. ದೊಡ್ಡ ಉಡಾವಣೆಯಾದರೆ ಬೇಗ ತುಂಬಿಬಿಡುತ್ತದೆ. ನಲವತ್ತು ಮಕ್ಕಳಿಗೆ ರೈಲು ಟಿಕೆಟ್, ಇಲಾಖೆಯ ಅನುಮತಿ, ಪೋಷಕರ ಒಪ್ಪಿಗೆ ಪತ್ರ ಎಲ್ಲ ಅಷ್ಟರಲ್ಲಿ ಆಗುತ್ತಾ? ಆಯ್ತು ಅಂತಲೇ ಇಟ್ಟುಕೊಳ್ಳಿ. ದಿನಾಂಕ ಮುಂದೆ ಹೋದರೆ?

ಚಂದ್ರಯಾನ-2 ಹಾರಬೇಕಾಗಿದ್ದು 2019ರ ಜುಲೈ 15ರ ಬೆಳಗಿನ ಜಾವ. ಇನ್ನು 56 ನಿಮಿಷ ಇದೆ ಅನ್ನುವಾಗ ಎಣಿಕೆ ನಿಲ್ಲಿಸಿದರು. ಕೊನೆಗೆ ಹಾರಿದ್ದು 22ಕ್ಕೆ. ಮನುಷ್ಯರನ್ನು ಬಾಹ್ಯಾಕಾಶಕ್ಕೆ ಕಳಿಸುವ ಗಗನಯಾನದ ಪರೀಕ್ಷೆಗೆ 2023ರ ಅಕ್ಟೋಬರ್ 21ರಂದು ಹಾರಿಸಿದ ರಾಕೆಟ್‌ನ ಎಣಿಕೆ ಬರೀ 5 ಸೆಕೆಂಡ್ ಇರುವಾಗ ನಿಂತಿತು. ಪುಣ್ಯಕ್ಕೆ ಅದು ಅದೇ ದಿನ ಬೆಳಿಗ್ಗೆ 10ಕ್ಕೆ ಹಾರಿತು. ದೊಡ್ಡವರಾದರೆ ಲಾಡ್ಜ್ ಮಾಡಿಕೊಂಡು ಕಾಯಬಹುದು. ಸುರಪುರದ ನಲವತ್ತು ಮಕ್ಕಳನ್ನು ಶ್ರೀಹರಿಕೋಟಾ ಪಕ್ಕದ ಊರು ಸುಳ್ಳೂರುಪೇಟೆಯಲ್ಲಿ ಒಂದು ವಾರ ಎಲ್ಲಿ ಇಟ್ಟುಕೊಳ್ಳುತ್ತೀರಿ? ಎಲ್ಲ ಸರಿಯಾಗಿ ನಡೆದರೂ ರಾಕೆಟ್ ಕಣ್ಣಿಗೆ ಕಾಣೋದು ಕೆಲವೇ ನಿಮಿಷ. ಮೋಡ ಇದ್ದರೆ ಅದೂ ಇಲ್ಲ. ಆ ಗದ್ದಲದಲ್ಲಿ ಒಂದು ಗುಂಪು ಮಕ್ಕಳನ್ನು ನಿಲ್ಲಿಸಿಕೊಂಡು ನಿಧಾನವಾಗಿ ವಿವರಿಸೋಕೆ ಯಾರಿಗೂ ಆಗೋದಿಲ್ಲ.

ಹೀಗೆ ಕೊನೇ ಗಳಿಗೆಯಲ್ಲಿ ನಿಲ್ಲಿಸೋದು ಯಾಕೆ ಅಂತ ಮಕ್ಕಳು ಕೇಳೇ ಕೇಳುತ್ತಾರೆ. ಉತ್ತರ ಚೆನ್ನಾಗಿದೆ, ಹೋಗೋ ಮುಂಚೆಯೇ ಹೇಳಿಕೊಡಿ. ಇಸ್ರೋದ ಪಿಎಸ್‌ಎಲ್‌ವಿ ಅನ್ನೋ ರಾಕೆಟ್‌ನ ಮೊದಲ ಹಂತದಲ್ಲಿ ಇರೋದು ಘನ ಇಂಧನ, ಸುಮಾರು 139 ಟನ್. ರಬ್ಬರಿನ ಹಾಗೆ ಗಟ್ಟಿಯಾಗಿರುತ್ತದೆ. ದೀಪಾವಳಿಯ ರಾಕೆಟ್ ಪಟಾಕಿಗೆ ಕಿಡಿ ತಾಗಿದ ಮೇಲೆ ‘ಇರು, ನಿಲ್ಲು’ ಅಂದರೆ ನಿಲ್ಲುತ್ತದಾ? ಇದೂ ಅಷ್ಟೇ. ಹೊತ್ತಿದ ಮೇಲೆ ಆರಿಸೋಕೆ ಆಗಲ್ಲ. ಅದಕ್ಕೇ ಅನುಮಾನ ಏನಿದ್ದರೂ ಹೊತ್ತಿಸುವ ಮುಂಚೆಯೇ ಬಗೆಹರಿಯಬೇಕು. ಕೊನೆಯ ನಿಮಿಷಗಳಲ್ಲಿ ಲೆಕ್ಕ ಹಿಡಿಯೋದು ಕಂಪ್ಯೂಟರ್. ಒಂದೇ ಒಂದು ಅಳತೆ ಹೆಚ್ಚುಕಡಿಮೆ ಆದರೂ ಅದು ತಾನೇ ನಿಲ್ಲಿಸುತ್ತದೆ. ನಿಂತ ಎಣಿಕೆ ಸೋಲಲ್ಲ ಅನ್ನೋದು ಮಕ್ಕಳಿಗೆ ಇಲ್ಲಿ ತಾನಾಗಿಯೇ ಅರ್ಥವಾಗುತ್ತದೆ.

ಇನ್ನು ಆ ಏಜೆಂಟ್. ನಯವಾಗಿ ಕೈ ಮುಗಿದುಬಿಡಿ. ‘ಒಳಗಿನ ಪಾಸ್’ ಅನ್ನೋದು ಮಾರುವ ವಸ್ತುವೇ ಅಲ್ಲ. ಶಾಲೆಗೆ ಅನುಮತಿ ಕೊಡೋದು ಶ್ರೀಹರಿಕೋಟಾದ ಬಾಹ್ಯಾಕಾಶ ಕೇಂದ್ರವೇ. ಕೊಡೋದೂ ಶಾಲೆಯ ಲೆಟರ್‌ಹೆಡ್‌ನಲ್ಲಿ ಬಂದ ಅರ್ಜಿಗೆ. ಅಲ್ಲಿ ಇಷ್ಟು ಬಿಗಿ ಇರೋಕೆ ಕಾರಣವಿದೆ. ಶ್ರೀಹರಿಕೋಟಾ ಒಂದು ದ್ವೀಪ, ಅಲ್ಲೇ ಘನ ಇಂಧನ ತಯಾರಿಸುವ ಘಟಕವಿದೆ. ಟನ್‌ಗಟ್ಟಲೆ ಬೇಗ ಹೊತ್ತಿಕೊಳ್ಳುವ ಪದಾರ್ಥ ಇರುವ ಜಾಗವನ್ನು ಕಾಯೋದು ಕೇಂದ್ರ ಸರ್ಕಾರದ ಭದ್ರತಾ ಪಡೆ ಸಿಐಎಸ್‌ಎಫ್. ಬೆಂಕಿಪೊಟ್ಟಣ, ಲೈಟರ್ ಯಾರ ಜೇಬಿನಲ್ಲೂ ಇರಬಾರದು. ಮೊಬೈಲ್, ಕ್ಯಾಮೆರಾ ಹೊರಗೇ ಬಿಡಬೇಕಾಗಿ ಬರಬಹುದು. ಫೋಟೋ ತೆಗೆಯೋಕೆ ಆಗದಿದ್ದರೆ ಬೇಸರ ಮಾಡ್ಕೋಬೇಡಿ ಅಂತ ಮಕ್ಕಳಿಗಿಂತ ಜಾಸ್ತಿ ನಿಮ್ಮ ಜೊತೆ ಬರುವ ಶಿಕ್ಷಕರಿಗೆ ಹೇಳಿಡಿ!

‘ವಿಜ್ಞಾನಿಗಳಿಂದಲೇ ವಿವರಣೆ’ ಅನ್ನೋದರಲ್ಲೂ ಒಂದು ಭ್ರಮೆ ಇದೆ. ರಾಕೆಟ್ ಮಾಡಿದವರೇ ಬಂದು ಹೇಳಬೇಕು ಅಂತೇನಿಲ್ಲ. ದೊಡ್ಡ ವಿಜ್ಞಾನಿ ಒಳ್ಳೆ ಗೈಡ್ ಆಗಿಯೇ ಆಗುತ್ತಾರೆ ಅನ್ನೋ ಗ್ಯಾರಂಟಿಯೂ ಇಲ್ಲ. ಕೈಯಲ್ಲಿ ಸ್ಪ್ಯಾನರ್ ಹಿಡಿದು ಕೆಲಸ ಮಾಡಿದ ಟೆಕ್ನಿಷಿಯನ್ ಒಬ್ಬರು ಸಿಕ್ಕರೆ ನಾನಂತೂ ಅವರ ಹಿಂದೆಯೇ ಹೋಗುತ್ತೇನೆ. ಯಾವ ಬೋಲ್ಟ್ ಎಲ್ಲಿ ಕಾಟ ಕೊಡುತ್ತೆ ಅಂತ ಅವರಿಗೆ ಗೊತ್ತಿರುತ್ತದೆ.

ಒಳ್ಳೆ ಗೈಡ್ ಏನು ಮಾಡುತ್ತಾರೆ? ಜಾಸ್ತಿ ಮಾತಾಡೋದಿಲ್ಲ. ನೋಡಿಸುತ್ತಾರೆ. ಪಿಎಸ್‌ಎಲ್‌ವಿಯ ಪೂರ್ತಿ ಎತ್ತರದ ಮಾದರಿಯ ಮುಂದೆ ನಿಂತಿದ್ದೀರಿ ಅಂದುಕೊಳ್ಳಿ. 44 ಮೀಟರ್. ಮಕ್ಕಳ ಕಣ್ಣು ನೇರ ತುದಿಗೆ ಹೋಗುತ್ತದೆ. ಗೈಡ್ ಅವರನ್ನು ಬುಡಕ್ಕೆ ಕರೆಯುತ್ತಾರೆ. ನಡುವಿನ ದಪ್ಪ ಕೊಳವೆಯ ಸುತ್ತ ಆರು ಸಣ್ಣ ಕೊಳವೆಗಳು ಕಟ್ಟಿಕೊಂಡಿರುತ್ತವೆ. ಎಣಿಸಿ ಅನ್ನುತ್ತಾರೆ. ‘ಆರೂ ಒಟ್ಟಿಗೆ ಹೊತ್ತುತ್ತವಾ?’ ಅಂತ ಕೇಳುತ್ತಾರೆ. ಹೌದು ಅಂತ ಎಲ್ಲರೂ ಕೂಗುತ್ತಾರೆ. ಅಲ್ಲ. ನೆಲದ ಮೇಲೆ ಹೊತ್ತೋದು ನಾಲ್ಕು. ಉಳಿದೆರಡು ಹೊತ್ತೋದು ಮೇಲೆದ್ದು ಸುಮಾರು 25 ಸೆಕೆಂಡ್ ಆದ ಮೇಲೆ. ಆಮೇಲೆ ತುದಿ ತೋರಿಸಿ, ‘ಇಷ್ಟರಲ್ಲಿ ಬಾಹ್ಯಾಕಾಶದಲ್ಲಿ ಕೆಲಸ ಮಾಡೋ ಸಾಮಾನು ಎಷ್ಟು?’ ಅಂತ ಕೇಳುತ್ತಾರೆ. ನೆಲದಿಂದ ಏಳುವಾಗ ಇಡೀ ರಾಕೆಟ್‌ನ ತೂಕ 320 ಟನ್. 600 ಕಿಲೋಮೀಟರ್ ಎತ್ತರದ ಧ್ರುವ ಕಕ್ಷೆಗೆ ಅದು ಒಯ್ಯುವ ಉಪಗ್ರಹ ಹೆಚ್ಚೆಂದರೆ ಒಂದೂಮುಕ್ಕಾಲು ಟನ್. ಉಳಿದದ್ದೆಲ್ಲ ಇಂಧನ, ಅದನ್ನು ತುಂಬಿದ ಕೊಳವೆ, ಅದನ್ನು ಉರಿಸುವ ಎಂಜಿನ್. ಈ ಲೆಕ್ಕ ಕೇಳಿದ ಮಕ್ಕಳು ಒಂದು ಕ್ಷಣ ಸುಮ್ಮನಾಗುತ್ತಾರೆ. ಆಮೇಲೆ ಯಾರಾದರೂ ಒಬ್ಬರು ‘ಹಂಗಾದ್ರ ಉಳಿದಿದ್ದು ಎಲ್ಲಿ ಬೀಳ್ತದ್ರೀ?’ ಅಂತ ಕೇಳುತ್ತಾರೆ.

ಅಲ್ಲಿಂದ ಪಾಠ ತಾನಾಗಿಯೇ ಸಾಗುತ್ತದೆ. ಕೆಳಗಿನ ಹಂತಗಳು ಸಮುದ್ರಕ್ಕೆ ಬೀಳುತ್ತವೆ. ಅದಕ್ಕೇ ಪೂರ್ವ ಕರಾವಳಿಯ ಈ ದ್ವೀಪ. ಒಂದು ಕಡೆ ಪುಲಿಕಾಟ್ ಸರೋವರ, ಇನ್ನೊಂದು ಕಡೆ ಬಂಗಾಳ ಕೊಲ್ಲಿ. ಭೂಮಿ ತಿರುಗೋದು ಪೂರ್ವಕ್ಕೆ. ಹಾಗಾಗಿ ಪೂರ್ವಕ್ಕೆ ಹಾರಿಸಿದರೆ ಸೆಕೆಂಡಿಗೆ ಸುಮಾರು 450 ಮೀಟರ್ ವೇಗ ಪುಕ್ಕಟೆ ಸಿಗುತ್ತದೆ. ಧ್ರುವದ ಕಡೆ ಹೋಗುವ ಉಪಗ್ರಹಗಳಿಗೆ ಈ ಲಾಭ ಇಲ್ಲ. ಜೊತೆಗೆ ದಕ್ಷಿಣಕ್ಕೆ ಶ್ರೀಲಂಕಾ ಇದೆ. ಅದರ ಮೇಲೆ ಹಾರಬಾರದು ಅಂತ ಪಿಎಸ್‌ಎಲ್‌ವಿ ಬಳಸು ದಾರಿ ಹಿಡಿಯುತ್ತದೆ, ಅದಕ್ಕಾಗಿ ಇಂಧನವನ್ನೂ ಖರ್ಚು ಮಾಡುತ್ತದೆ. ಇಷ್ಟೆಲ್ಲ ಒಂದು ಮಾದರಿಯ ಬುಡದಲ್ಲಿ ನಿಂತು ಹೇಳಬಹುದಾದ ಮಾತು. ಅರ್ಧ ಗಂಟೆಯಲ್ಲಿ ಇಡೀ ಮ್ಯೂಸಿಯಂ ತೋರಿಸುವ ಗೈಡ್‌ಗಿಂತ, ಅರ್ಧ ಗಂಟೆ ಒಂದೇ ರಾಕೆಟ್ ಹತ್ತಿರ ನಿಲ್ಲಿಸುವ ಗೈಡ್ ಮೇಲು.

‘ಎಲ್ಲ ಡಮ್ಮಿ’ ಅನ್ನೋ ಬೇಸರಕ್ಕೆ ಬರುತ್ತೇನೆ. ‘ಇದು ಖರೇ ರಾಕೆಟ್ ಅದ ಏನ್ರೀ ಸರ್?’ ಅನ್ನೋದು ನಮ್ಮ ಕಡೆಯ ಮಕ್ಕಳ ಮೊದಲ ಪ್ರಶ್ನೆ. ಸರಿಯಾದ ಪ್ರಶ್ನೆಯೇ. ನಮ್ಮಲ್ಲಿ ಹಾರಿದ ರಾಕೆಟ್ ವಾಪಸ್ ಬರೋದಿಲ್ಲ, ಹಾಗಾಗಿ ಮ್ಯೂಸಿಯಂನಲ್ಲಿ ಹಾರಿದ್ದು ಸಿಗೋದು ಅಪರೂಪ. ಭಾರತ ಮೇಲೆ ಕಳಿಸಿ ವಾಪಸ್ ತರಿಸಿಕೊಂಡ ಮೊದಲ ಕೋಶ (ಕ್ಯಾಪ್ಸೂಲ್) ಎಸ್‌ಆರ್‌ಇ-1. 2007ರ ಜನವರಿ 10ರಂದು ಹೋಗಿ 22ರಂದು ಬಂಗಾಳ ಕೊಲ್ಲಿಗೆ ಇಳಿಯಿತು. ಆದರೆ ಎಲ್ಲ ಮಾದರಿಯೂ ಒಂದೇ ಅಲ್ಲ. ಕೆಲವು ಬರೀ ಆಕಾರ ತೋರಿಸೋಕೆ ಮಾಡಿದವು. ಕೆಲವು ನಿಜವಾಗಿ ಪರೀಕ್ಷೆಗೆ ಒಳಗಾದವು: ಅಲುಗಾಡಿಸಿ, ಕಾಯಿಸಿ, ತಣ್ಣಗೆ ಮಾಡಿ ನೋಡಿದಂಥವು. ‘ಇದರ ಮೇಲೆ ಏನೇನು ಪರೀಕ್ಷೆ ಮಾಡಿದ್ರೀ?’ ಅಂತ ಕೇಳೋದನ್ನು ಮಕ್ಕಳಿಗೆ ಕಲಿಸಿ. ಗೈಡ್ ಮುಖ ಅರಳುತ್ತದೆ.

ಉಪಗ್ರಹದ ಮೇಲಿನ ಹಳದಿ ಹಾಳೆ ಬಂಗಾರದ್ದು ಅಂತ ಮಕ್ಕಳೂ ನಂಬಿರುತ್ತಾರೆ, ಎಷ್ಟೋ ಶಿಕ್ಷಕರೂ ನಂಬಿರುತ್ತಾರೆ. ಅದು ಪಾಲಿಇಮೈಡ್ ಅನ್ನೋ ಪ್ಲಾಸ್ಟಿಕ್ ಹಾಳೆ. ಅದರ ಬಣ್ಣವೇ ಹಳದಿ. ಹಿಂದೆ ಅಲ್ಯೂಮಿನಿಯಂ ಲೇಪ ಇರೋದರಿಂದ ಬಂಗಾರದ ಹಾಗೆ ಹೊಳೆಯುತ್ತದೆ. ಇಂಥ ತೆಳು ಹಾಳೆಗಳನ್ನು ಪದರ ಪದರವಾಗಿ ಹೊದಿಸಿ ಬಿಸಿಲು, ಚಳಿ ಎರಡರಿಂದಲೂ ಉಪಗ್ರಹವನ್ನು ಕಾಪಾಡುತ್ತಾರೆ. ಮೇಲೆ ಗುರುತ್ವವೇ ಇಲ್ಲ ಅನ್ನೋದು ಇನ್ನೊಂದು ತಪ್ಪು. 400 ಕಿಲೋಮೀಟರ್ ಎತ್ತರದಲ್ಲೂ ಅದು ನೆಲದಲ್ಲಿರುವ ಗುರುತ್ವದ ನೂರಕ್ಕೆ 88ರಷ್ಟು ಇರುತ್ತದೆ. ಗಗನಯಾತ್ರಿಗಳು ತೇಲೋದು ಗುರುತ್ವ ಇಲ್ಲ ಅಂತಲ್ಲ. ಅವರೂ ಅವರ ನೌಕೆಯೂ ಒಟ್ಟಿಗೆ ಭೂಮಿಯ ಸುತ್ತ ಬೀಳುತ್ತಲೇ ಇರೋದರಿಂದ.

ಈಗ ಭಾಷೆ. ನಿಮ್ಮ ಹಳೆಯ ಅನುಭವದಲ್ಲಿ ಕೆಟ್ಟಿದ್ದು ಇಲ್ಲೇ. ಇದರಲ್ಲಿ ಗೈಡ್ ತಪ್ಪು ಅರ್ಧ ಮಾತ್ರ. ದಿನಕ್ಕೆ ಹತ್ತು ಗುಂಪು ನೋಡುವ ಗೈಡ್‌ಗೆ ಎದುರಿನವರು ತಲೆ ಆಡಿಸಿದರೆ ಅರ್ಥವಾಯಿತು ಅಂತಲೇ ಅನ್ನಿಸುತ್ತದೆ. ನಮ್ಮ ಮಕ್ಕಳು ಸಂಕೋಚಕ್ಕೆ ತಲೆ ಆಡಿಸುತ್ತಾರೆ, ಅಲ್ವಾ? ಶ್ರೀಹರಿಕೋಟಾದಲ್ಲಿ ಕನ್ನಡ ಬಲ್ಲ ಗೈಡ್ ಸಿಗುತ್ತಾರೆ ಅಂತ ನಂಬಿಕೊಂಡು ಹೋಗಬೇಡಿ. ಆದರೆ ತೆಲುಗು ಸಿಗುತ್ತದೆ, ಹಿಂದಿಯೂ ನಡೆಯುತ್ತದೆ. ನಿಮ್ಮ ತರಗತಿಯಲ್ಲಿ ಮನೆಯಲ್ಲಿ ಉರ್ದು ಮಾತಾಡುವವರು, ತೆಲುಗು ಬರುವವರು ಇದ್ದೇ ಇರುತ್ತಾರೆ. ಅಂಥ ನಾಲ್ಕು ಮಕ್ಕಳನ್ನು ಮೊದಲೇ ತಯಾರು ಮಾಡಿ. ‘ಎರಡು ಮಾತಿಗೊಮ್ಮೆ ನಿಲ್ಲಿಸಿ, ನಾವು ಕನ್ನಡದಲ್ಲಿ ಹೇಳ್ತೀವಿ’ ಅಂತ ಗೈಡ್‌ಗೆ ಶುರುವಿನಲ್ಲೇ ಹೇಳಿ. ಬೇಸರ ಮಾಡಿಕೊಳ್ಳೋರು ಕಡಿಮೆ. ಹಾಗೆ ನಿಲ್ಲಿಸುವಾಗ ಗೈಡ್‌ನ ವೇಗವೂ ಇಳಿಯುತ್ತದೆ, ಅದೇ ದೊಡ್ಡ ಲಾಭ.

ನಲವತ್ತು ಮಕ್ಕಳನ್ನು ಒಂದೇ ಗುಂಪಾಗಿ ಒಯ್ಯಬೇಡಿ. ಹಿಂದಿನ ಸಾಲಿಗೆ ಏನೂ ಕೇಳಿಸೋದಿಲ್ಲ, ಗಲಾಟೆ ಶುರುವಾಗೋದೂ ಅಲ್ಲಿಂದಲೇ. ಎರಡು ಗುಂಪು ಮಾಡಿ. ಒಂದು ಮ್ಯೂಸಿಯಂ ಒಳಗೆ, ಇನ್ನೊಂದು ಹೊರಗಿನ ರಾಕೆಟ್ ಮಾದರಿಗಳ ಹತ್ತಿರ. ಆಮೇಲೆ ಅದಲುಬದಲು.

ಎಲ್ಲಕ್ಕಿಂತ ಮುಖ್ಯ ಮಕ್ಕಳ ಪ್ರಶ್ನೆಗಳು. ಹೋಗುವ ಒಂದು ತಿಂಗಳು ಮುಂಚೆ ಒಬ್ಬೊಬ್ಬರಿಂದ ಒಂದೊಂದು ಪ್ರಶ್ನೆ ಬರೆಸಿ. ಗೂಗಲ್‌ನಿಂದ ಎತ್ತಿದ್ದು ಬೇಡ, ಅವರದೇ ಇರಲಿ. ‘ಮಳೆ ಬರುತ್ತೋ ಇಲ್ಲೋ ಉಪಗ್ರಹಕ್ಕೆ ಹೆಂಗ ಗೊತ್ತಾಗ್ತದ?’ ಅಂತ ತೊಗರಿ ಬೆಳೆಯುವ ಮನೆಯ ಹುಡುಗಿ ಕೇಳಿದರೆ, ಗೈಡ್ ತಮ್ಮ ಬಾಯಿಪಾಠ ಬಿಟ್ಟು ಅವಳ ಜೊತೆ ಮಾತಾಡೋಕೆ ಶುರು ಮಾಡುತ್ತಾರೆ. ಇದಕ್ಕೆ ಉತ್ತರವೂ ಅಲ್ಲೇ ಇದೆ. 2024ರ ಫೆಬ್ರುವರಿ 17ರಂದು ಶ್ರೀಹರಿಕೋಟಾದಿಂದಲೇ ಹೋದ ಹವಾಮಾನ ಉಪಗ್ರಹ ಇನ್ಸಾಟ್-3ಡಿಎಸ್ ಸುಮಾರು 36,000 ಕಿಲೋಮೀಟರ್ ಎತ್ತರದಲ್ಲಿ, ಭೂಮಿ ತಿರುಗುವ ವೇಗದಲ್ಲೇ ತಾನೂ ಸುತ್ತುತ್ತಾ ನಮ್ಮ ಕಡೆಯನ್ನೇ ನೋಡುತ್ತಿರುತ್ತದೆ. ರಾತ್ರಿಯಲ್ಲೂ ಮೋಡದ ತಲೆ ಎಷ್ಟು ತಣ್ಣಗಿದೆ ಅಂತ ಅಳೆಯುತ್ತದೆ. ತಲೆ ತಣ್ಣಗಿದ್ದಷ್ಟೂ ಮೋಡ ಎತ್ತರಕ್ಕೆ ಬೆಳೆದಿದೆ ಅಂತ ಲೆಕ್ಕ. ಮಳೆಯನ್ನು ಅದು ಭವಿಷ್ಯ ನುಡಿಯೋದಿಲ್ಲ, ಮೋಡದ ಸುದ್ದಿ ಕಳಿಸುತ್ತದೆ. ಮುಂದಿನ ಲೆಕ್ಕ ಹಾಕೋದು ಕೆಳಗೆ ಕೂತ ಹವಾಮಾನ ಇಲಾಖೆಯವರು. ಅವರ ಲೆಕ್ಕ ಯಾಕೆ ಆಗಾಗ ತಪ್ಪುತ್ತೆ ಅಂತ ಅವಳು ಕೇಳಿದರೆ ಇನ್ನೂ ಒಳ್ಳೆಯದು.

ಹೆಡ್‌ಮಾಸ್ಟರ್ ಹೇಳೋದರಲ್ಲೂ ಸತ್ಯ ಇದೆ. ಉಡಾವಣೆಯನ್ನು ಮಾತ್ರ ನೋಡೋದಾದರೆ ತೆರೆಯ ಮೇಲೇ ಚೆನ್ನಾಗಿ ಕಾಣುತ್ತದೆ. ಕ್ಯಾಮೆರಾ ಗೋಪುರದ ಹತ್ತಿರವೇ ಇರುತ್ತದೆ. ತೆರೆಯಲ್ಲಿ ಸಿಗದಿರೋದು ಅಳತೆ ಮತ್ತು ಸದ್ದು. ಗ್ಯಾಲರಿಯಲ್ಲಿ ಕೂತವರಿಗೆ ಬೆಂಕಿ ಮೊದಲು ಕಾಣುತ್ತದೆ. ಸದ್ದು ಕಿಲೋಮೀಟರಿಗೆ ಸುಮಾರು 3 ಸೆಕೆಂಡಿನಂತೆ ತಡವಾಗಿ ಬಂದು ಎದೆಗೆ ಬಡಿಯುತ್ತದೆ. (ವಾಯುಪಡೆಯ ತರಬೇತಿ ವಿಮಾನಗಳ ಸದ್ದಿನಲ್ಲೇ ಬೆಳೆದ ಬೀದರ್ ಮಕ್ಕಳೂ ಇದಕ್ಕೆ ಬೆಚ್ಚಿ ಬೀಳುತ್ತಾರೆ.) ಅದು ಬೇಕೇ ಬೇಕು ಅಂದರೆ ಮುಂದೆ ಅವರು ಕಾಲೇಜಿಗೆ ಹೋದಾಗ ಸ್ನೇಹಿತರ ಜೊತೆ ಹೋಗಲಿ. ತಿರುಗಿ ಪ್ರಶ್ನೆ ಕೇಳುವ ಅವಕಾಶವಂತೂ ಯೂಟ್ಯೂಬ್‌ನಲ್ಲಿ ಇಲ್ಲ.

ದಾರಿ ನಿಮಗೆ ಸುಲಭ. ಯಾದಗಿರಿ ಮುಂಬೈ–ಚೆನ್ನೈ ಮಾರ್ಗದಲ್ಲೇ ಇದೆ. ರೇಣಿಗುಂಟದಲ್ಲಿ ಇಳಿದು, ಬಸ್ ಮಾಡಿಕೊಂಡು ಕಾಳಹಸ್ತಿ, ನಾಯ್ಡುಪೇಟೆ ಮೇಲೆ ಸುಳ್ಳೂರುಪೇಟೆ ಸೇರಬಹುದು. ಅಲ್ಲಿಂದ ದ್ವೀಪಕ್ಕೆ ಹೋಗುವ ರಸ್ತೆ ಪುಲಿಕಾಟ್ ಸರೋವರವನ್ನು ದಾಟುತ್ತದೆ. ಅಕ್ಟೋಬರ್‌ನಿಂದ ಡಿಸೆಂಬರ್ ನಡುವೆ ಆ ಕರಾವಳಿಗೆ ಚಂಡಮಾರುತದ ಕಾಟ. ಬೇಸಿಗೆಯಲ್ಲಿ ಬೇಡ. ಬಿಸಿಲು ನಮಗೆ ಹೊಸದಲ್ಲದಿದ್ದರೂ ಅಲ್ಲಿನ ಬೆವರು ಬೇರೆ ಥರದ್ದು. ಇಲಾಖೆ ಒಪ್ಪಿದರೆ ಜನವರಿ ಒಳ್ಳೆಯದು. ಆಗ ಸರೋವರದಲ್ಲಿ ಫ್ಲೆಮಿಂಗೊ ಹಕ್ಕಿಗಳೂ ಇರುತ್ತವೆ.

ಇದರಲ್ಲಿ ಅಪಾಯ ಇಲ್ಲ ಅಂತಲ್ಲ. ಉಡಾವಣೆಯ ತಯಾರಿ ಶುರುವಾದರೆ ಕೊಟ್ಟ ಅನುಮತಿಯೂ ರದ್ದಾಗಬಹುದು. ಅದಕ್ಕೆ ತಿರುಪತಿಯನ್ನು ಜೊತೆಗೆ ಇಟ್ಟುಕೊಳ್ಳಿ. ದೇವರ ದರ್ಶನಕ್ಕೆ ಮಾತ್ರ ಅಲ್ಲ, ಅಲ್ಲೊಂದು ಪ್ರಾದೇಶಿಕ ವಿಜ್ಞಾನ ಕೇಂದ್ರವಿದೆ. ಶ್ರೀಹರಿಕೋಟಾ ತಪ್ಪಿದರೆ ಒಂದು ದಿನ ಅಲ್ಲಿ ಕಳೆಯಬಹುದು. ‘ಸಿಗಬಹುದು’ ಅಂತಲೇ ಪೋಷಕರಿಗೆ ಹೇಳಿ, ‘ಸಿಕ್ಕೇ ಸಿಗುತ್ತೆ’ ಅನ್ನಬೇಡಿ.

ಖರ್ಚು ಭಾರ ಅನ್ನಿಸಿದರೆ ಹೈದರಾಬಾದ್ ನಿಮಗೆ ಹತ್ತಿರ. ಅಲ್ಲಿನ ಬಿರ್ಲಾ ವಿಜ್ಞಾನ ಕೇಂದ್ರದಲ್ಲಿ ತಾರಾಲಯವೂ ಇದೆ, ಬಾಹ್ಯಾಕಾಶದ ಮ್ಯೂಸಿಯಂ ಕೂಡ ಇದೆ. ತಿರುವನಂತಪುರದ ‘ತುಂಬಾ’ ಅನ್ನೋ ಜಾಗ ನನಗೆ ಬಹಳ ಇಷ್ಟ. 1963ರ ನವೆಂಬರ್ 21ರಂದು ನಮ್ಮ ನೆಲದಿಂದ ಮೊದಲ ರಾಕೆಟ್ ಹಾರಿದ್ದು ಅಲ್ಲಿಂದ. ಅದನ್ನು ಜೋಡಿಸಿದ ಹಳೆಯ ಚರ್ಚ್ ಕಟ್ಟಡವೇ ಈಗ ಮ್ಯೂಸಿಯಂ. ಆದರೆ ನಿಮ್ಮ ಬಜೆಟ್‌ಗೆ ದೂರ ಜಾಸ್ತಿ.

ಎಲ್ಲಿಗೇ ಹೋಗಿ, ಅದಕ್ಕೆ ಮುಂಚೆ ಒಂದು ದಿನ ಕಲಬುರಗಿಯ ಜಿಲ್ಲಾ ವಿಜ್ಞಾನ ಕೇಂದ್ರಕ್ಕೆ ಕರ್ಕೊಂಡು ಹೋಗಿ. 1984ರಿಂದ ಇದೆ, ದಾರಿ ಖರ್ಚು ಕಡಿಮೆ, ಕನ್ನಡದಲ್ಲೇ ಕೇಳಬಹುದು. ಶ್ರೀಹರಿಕೋಟಾ ಬದಲಿಗೆ ಅಂತಲ್ಲ, ತಾಲೀಮಿಗೆ. ಯಾವ ಮಕ್ಕಳು ಬಾಯಿ ಬಿಡುತ್ತಾರೆ, ಯಾರು ಹಿಂದೆ ಸರಿಯುತ್ತಾರೆ, ಯಾರು ಚೆನ್ನಾಗಿ ಕನ್ನಡಕ್ಕೆ ತಿರುಗಿಸಿ ಹೇಳುತ್ತಾರೆ, ಎಲ್ಲ ನಿಮಗೆ ಅಲ್ಲೇ ಗೊತ್ತಾಗುತ್ತದೆ.

ಮಕ್ಕಳು ಒಂಬತ್ತನೇ ತರಗತಿ ಅಂದಿರಿ. ಹಾಗಾದರೆ ಇಸ್ರೋದ ‘ಯುವಿಕಾ’ ಮೇಲೂ ಕಣ್ಣಿಡಿ. 2019ರಲ್ಲಿ ಶುರುವಾದದ್ದು. ಒಂಬತ್ತನೇ ತರಗತಿಯವರನ್ನೇ ಆರಿಸಿ ಇಸ್ರೋ ಕೇಂದ್ರಗಳಲ್ಲಿ ಇರಿಸಿಕೊಂಡು ಕಲಿಸುತ್ತಾರೆ. ಹಳ್ಳಿ ಶಾಲೆಯ ಮಕ್ಕಳಿಗೆ ಆಯ್ಕೆಯಲ್ಲಿ ಹೆಚ್ಚಿನ ಅಂಕವೂ ಇದೆ. ಅರ್ಜಿ ಕರೆಯೋದು ಇಸ್ರೋ ವೆಬ್‌ಸೈಟಿನಲ್ಲಿ, ಸಾಮಾನ್ಯವಾಗಿ ವರ್ಷದ ಮೊದಲ ತಿಂಗಳುಗಳಲ್ಲಿ.

ಅರ್ಜಿ ಈ ವಾರವೇ ಬರೆಯಿರಿ. ಸತೀಶ್ ಧವನ್ ಬಾಹ್ಯಾಕಾಶ ಕೇಂದ್ರದ ವೆಬ್‌ಸೈಟಿನಲ್ಲಿ ಭೇಟಿಯ ದಿನಗಳು, ನಿಯಮಗಳು ನೋಡಿಕೊಂಡು, ಮಕ್ಕಳ ಹೆಸರಿನ ಪಟ್ಟಿ, ಗುರುತಿನ ಚೀಟಿ ವಿವರ, ಮೂರು ಬೇರೆ ಬೇರೆ ದಿನಾಂಕ ಕೊಡಿ. ಕೊನೆಗೆ ಎರಡು ಸಾಲು ಸೇರಿಸಿ: ಮಕ್ಕಳು ಕನ್ನಡ ಮಾಧ್ಯಮದವರು, ತೆಲುಗು ಅಥವಾ ಹಿಂದಿಯಲ್ಲಿ ನಿಧಾನವಾಗಿ ವಿವರಿಸುವವರು ಬೇಕು ಅಂತ. ಅದರ ಜೊತೆ ಮಕ್ಕಳ ಪ್ರಶ್ನೆಗಳಲ್ಲಿ ಒಳ್ಳೆಯ ಹತ್ತನ್ನು ಇಂಗ್ಲಿಷ್‌ಗೆ ತಿರುಗಿಸಿ ಲಗತ್ತಿಸಿ. ಆ ಹಾಳೆ ಗೈಡ್ ಕೈಗೆ ಮುಂಚೆಯೇ ಸೇರಿದರೆ ಅವರೂ ತಯಾರಾಗಿ ಬರುತ್ತಾರೆ. ಸೇರದಿದ್ದರೆ ಗೇಟಿನಲ್ಲಿ ನೀವೇ ಕೊಡಿ, ಇನ್ನೊಂದು ಪ್ರತಿ ಚೀಲದಲ್ಲಿ ಇರಲಿ.